ಹೊನ್ನಾವರದ ಶಾಲೆಗಳನ್ನು ಕಂಡ ಇಬ್ನ್ ಬತೂತ

ಹದಿನಾಲ್ಕನೆಯ ಶತಮಾನದ ಮುಸ್ಲಿಂ ಸಮಾಜಗಳ ಧರ್ಮ, ರಾಜಕೀಯ ಮತ್ತು ಸಂಸ್ಕೃತಿಯನ್ನು ಅರಿಯಲು ವಿದ್ವಾಂಸರು ಇಂದಿಗೂ ತೆರೆಯುವ ಗ್ರಂಥ ‘ರಿಹ್ಲಾ’. ಇದರ ಕರ್ತೃ ಇಬ್ನ್ ಬತೂತ 1304ರಲ್ಲಿ ಮೊರಾಕ್ಕೋದ ತಾಂಜಿಯರ್ ನಗರದ ಖಾಝಿ ಮನೆತನದಲ್ಲಿ ಜನಿಸಿದರು. 1325ರಲ್ಲಿ, 21ನೇ ವಯಸ್ಸಿನಲ್ಲಿ, ಪವಿತ್ರ ಹಜ್ಜ್‌ಗೆಂದು ಒಬ್ಬಂಟಿಯಾಗಿ ಹೊರಟವರು ಸ್ವದೇಶಕ್ಕೆ ಮರಳಿದ್ದು 1349ರಲ್ಲಿ!

ದಿಲ್ಲಿಯಲ್ಲಿ ಮುಹಮ್ಮದ್ ಬಿನ್ ತುಘಲಕನ ಕಾಲದಲ್ಲಿ ಅವರು ಖಾಝಿಯಾಗಿದ್ದರು. ಬಳಿಕ ಸುಲ್ತಾನನ ರಾಯಭಾರಿಯಾಗಿ ಚೀನಾಕ್ಕೆ ಹೊರಟು, 1342ರ ಸುಮಾರಿಗೆ ನಮ್ಮ ಹೊಳನಗದ್ದೆಯ ದಕ್ಷಿಣಕ್ಕಿರುವ ಹೊನ್ನಾವರಕ್ಕೆ ಬಂದರು. ಅಲ್ಲಿನ ಸುಲ್ತಾನ ಜಮಾಲುದ್ದೀನ್ ಜಮಾಅತ್ ನಮಾಝನ್ನು ತಪ್ಪಿಸದ ಧರ್ಮನಿಷ್ಠ. ಆದರೆ ರಾಜಕೀಯವಾಗಿ ಒಬ್ಬ ಹಿಂದೂ ಅರಸನಿಗೆ ಅಧೀನ. ಶಾಫಿಈ ಮದ್‌ಹಬ್‌ನ ಅಲ್ಲಿಯ ಮುಸ್ಲಿಮರಿಗೆ ಹೊಲಗದ್ದೆಗಳಿರಲಿಲ್ಲ, ಸಮುದ್ರ ವ್ಯಾಪಾರವೇ ಜೀವನಾಧಾರ.

ಇಬ್ನ್ ಬತೂತರನ್ನು ಬೆರಗುಗೊಳಿಸಿದ್ದು ಆ ಊರಿನ ಶಾಲೆಗಳು. ಗಂಡುಮಕ್ಕಳಿಗೆ 23, ಹೆಣ್ಣುಮಕ್ಕಳಿಗೆ 13! ಸ್ತ್ರೀಯರು ಪವಿತ್ರ ಕುರ್‌ಆನ್ ಕಂಠಪಾಠ ಮಾಡಿದ್ದರು. ಮಕ್ಕಾ, ದಮಾಸ್ಕಸ್, ದಿಲ್ಲಿಗಳನ್ನು ನೋಡಿ ಬಂದಿದ್ದ ಅವರು, ಇಂಥದ್ದನ್ನು ಬೇರೆಲ್ಲೂ ಕಂಡಿಲ್ಲವೆಂದು ದಾಖಲಿಸಿದರು.

ಮೊರಾಕ್ಕೋದ ಸುಲ್ತಾನ ಅಬೂ ಇನಾನ್‌ನ ಆದೇಶದಂತೆ ಅವರು ಹೇಳಿದ್ದನ್ನು ಇಬ್ನ್ ಜುಝೈ ಬರೆದುಕೊಂಡರು. 1355ರಲ್ಲಿ ಗ್ರಂಥ ಪೂರ್ಣಗೊಂಡಿತು. 1368-69ರ ಸುಮಾರಿಗೆ ಅವರು ನಿಧನರಾದರು.

ಹೆಣ್ಣುಮಕ್ಕಳ ವಿದ್ಯಾಭ್ಯಾಸ ಹೊರಗಿನಿಂದ ಬಂದ ಹೊಸ ಪದ್ಧತಿ ಎನ್ನುವವರು ನಮ್ಮಲ್ಲಿ ಇನ್ನೂ ಇದ್ದಾರೆ. ಅದು ಇದೇ ಕರಾವಳಿಯ ಹಳೆಯ ಆಸ್ತಿ. ಮಗಳ ಓದನ್ನು ಅರ್ಧಕ್ಕೆ ನಿಲ್ಲಿಸುವ ಮುನ್ನ ಪೋಷಕರು ಆ 13 ಶಾಲೆಗಳನ್ನು ಒಮ್ಮೆ ನೆನೆಯಲಿ.