ಫೈಬರ್ ಪುಡಿ ಕುಡಿದು ಹೊಟ್ಟೆ ಉಬ್ಬಿದರೆ ‘ವಿಷ’ ಹೊರಹೋಗುತ್ತಿದೆಯೇ? ‘ಫೈಬರ್ ಮ್ಯಾನ್’ ಬರ್ಕಿಟ್ ಅವರ ಕಥೆ ಓದಿ

ಫೈಬರ್ ಪುಡಿ ಕುಡಿದಾಗ ಹೊಟ್ಟೆ ಉಬ್ಬಿದರೆ ದೇಹದ ವಿಷ ಹೊರಹೋಗುತ್ತಿದೆ ಎಂಬ ಸಂದೇಶ ನಿಮಗೂ ಬಂದಿರಬಹುದು. ಇದು ತಪ್ಪು. ನಾರಿನ ಮಹತ್ವವನ್ನು ಜಗತ್ತಿಗೆ ಸಾರಿದ ವೈದ್ಯರು ಕಂಡದ್ದೇ ಬೇರೆ.

ಡೆನಿಸ್ ಬರ್ಕಿಟ್ ಹುಟ್ಟಿದ್ದು 1911ರಲ್ಲಿ, ಐರ್ಲೆಂಡಿನ ಎನ್ನಿಸ್ಕಿಲನ್‌ನಲ್ಲಿ. 11ನೇ ವಯಸ್ಸಿನಲ್ಲಿ ಕಲ್ಲೇಟು ಬಿದ್ದು ಒಂದು ಕಣ್ಣು ಹೋಯಿತು. ಎಂಜಿನಿಯರಿಂಗ್ ಬಿಟ್ಟು ವೈದ್ಯಕೀಯ ಓದಿ, ಒಂದೇ ಕಣ್ಣಿನಲ್ಲಿ ಶಸ್ತ್ರಚಿಕಿತ್ಸಕರಾದರು. 1946ರಿಂದ ಸುಮಾರು 20 ವರ್ಷ ಉಗಾಂಡಾದಲ್ಲಿ ಕೆಲಸ ಮಾಡಿದರು. ಮಕ್ಕಳ ದವಡೆ ಊದಿಸುವ ಒಂದು ಕ್ಯಾನ್ಸರನ್ನು 1958ರಲ್ಲಿ ವಿವರಿಸಿದರು. ಅದಕ್ಕೆ ಇಂದಿಗೂ ‘ಬರ್ಕಿಟ್ ಲಿಂಫೋಮಾ’ ಎಂದೇ ಹೆಸರು.

1966ರಲ್ಲಿ ಬ್ರಿಟನ್‌ಗೆ ಮರಳಿದ ಮೇಲೆ ಅವರನ್ನು ಒಂದು ಪ್ರಶ್ನೆ ಕಾಡಿತು. ಅಲ್ಲಿ ಸಾಮಾನ್ಯವಾಗಿದ್ದ ಮಲಬದ್ಧತೆ, ಅಪೆಂಡಿಸೈಟಿಸ್, ದೊಡ್ಡ ಕರುಳಿನ ಕ್ಯಾನ್ಸರ್ ಉಗಾಂಡಾದ ಹಳ್ಳಿಗಳಲ್ಲಿ ಅಪರೂಪವಾಗಿದ್ದವು. ಏಕೆ? ಸಹೋದ್ಯೋಗಿಗಳ ಜೊತೆ ಅವರು ಮಲದ ತೂಕವನ್ನೇ ಅಳೆದರು! ಹಳ್ಳಿಗರಲ್ಲಿ ಆಹಾರ ಸುಮಾರು ಒಂದೂವರೆ ದಿನದಲ್ಲಿ ಹೊರಬರುತ್ತಿತ್ತು. ಬ್ರಿಟಿಷರಲ್ಲಿ ಮೂರು ದಿನಕ್ಕೂ ಹೆಚ್ಚು ಹಿಡಿಯುತ್ತಿತ್ತು. 1972ರಲ್ಲಿ ಇದು ಪ್ರಕಟವಾಯಿತು. ಅವರ ಎಲ್ಲ ಊಹೆಗಳೂ ನಂತರ ನಿಲ್ಲಲಿಲ್ಲ, ಆದರೆ ನಾರು ಮಲಬದ್ಧತೆ ತಗ್ಗಿಸುತ್ತದೆ ಎಂಬುದು ನಿಂತಿದೆ. ಬರ್ಕಿಟ್ 1993ರಲ್ಲಿ ತೀರಿಕೊಂಡರು.

ಗಮನಿಸಬೇಕಾದ್ದು ಇಲ್ಲಿದೆ. ಆ ಹಳ್ಳಿಗರು ಚಿಕ್ಕಂದಿನಿಂದ ಬಾಳೆಕಾಯಿ, ಗೆಣಸು, ಕಾಳುಗಳಲ್ಲಿ ನಾರು ತಿಂದವರು. ಅವರ ಕರುಳಿಗೆ ಅದು ಹೊಸದಲ್ಲ. ನಾವು ಫಾರ್ವರ್ಡ್ ನೋಡಿ ಒಂದೇ ದಿನ ಎರಡು ಮೂರು ಚಮಚ ಪುಡಿ ಸುರಿದುಕೊಳ್ಳುತ್ತೇವೆ. ನಮ್ಮ ಜೀರ್ಣರಸಕ್ಕೆ ಕರಗದ ನಾರನ್ನು ದೊಡ್ಡ ಕರುಳಿನ ಬ್ಯಾಕ್ಟೀರಿಯಾ ಹುಳಿಸುತ್ತವೆ. ಆಗ ಹುಟ್ಟುವ ಅನಿಲವೇ ಗ್ಯಾಸ್, ಉಬ್ಬರ, ಹೊಟ್ಟೆ ಹಿಡಿತಕ್ಕೆ ಕಾರಣ. ಇನುಲಿನ್ ಬೇಗ ಹುಳಿಯುತ್ತದೆ, ಇಸಬ್‌ಗೋಲ್ ಕಡಿಮೆ. ಆದರೆ ಇಸಬ್‌ಗೋಲ್ ನೀರು ಹೀರಿ ಊದುತ್ತದೆ. ನೀರು ಸಾಲದಿದ್ದರೆ ಗಂಟಲಲ್ಲಿ ಸಿಕ್ಕಿಕೊಳ್ಳಬಹುದು, ಕರುಳಿನಲ್ಲಿ ತಡೆಯೂ ಆಗಬಹುದು.

ಏನು ಮಾಡಬೇಕು?
• ಅರ್ಧ ಚಮಚದಿಂದ ಆರಂಭಿಸಿ, ಕೆಲವು ವಾರಗಳಲ್ಲಿ ನಿಧಾನವಾಗಿ ಹೆಚ್ಚಿಸಿ.
• ಪ್ರತಿ ಸಲವೂ ದೊಡ್ಡ ಲೋಟ ನೀರು ಕುಡಿಯಿರಿ.
• ಬೇರೆ ಮಾತ್ರೆಗಳಿಗೂ ಇದಕ್ಕೂ ಸುಮಾರು 2 ಗಂಟೆ ಅಂತರವಿರಲಿ.
• ನುಂಗಲು ಕಷ್ಟವಿದ್ದರೆ, ಕರುಳು ಕಿರಿದಾಗಿದ್ದರೆ ವೈದ್ಯರನ್ನು ಕೇಳದೆ ತೆಗೆದುಕೊಳ್ಳಬೇಡಿ.
• ತೀವ್ರ ನೋವು, ವಾಂತಿ, ಮಲದಲ್ಲಿ ರಕ್ತ ಕಂಡರೆ ಪುಡಿ ನಿಲ್ಲಿಸಿ, ತಡಮಾಡದೆ ಆಸ್ಪತ್ರೆಗೆ ಹೋಗಿ.

ತೀರ್ಮಾನ: ಉಬ್ಬರ ವಿಷ ಹೊರಹೋಗುವ ಲಕ್ಷಣವಲ್ಲ, ಕರುಳಿಗೆ ಒಮ್ಮೆಲೇ ಹೆಚ್ಚಾಯಿತು ಎಂಬ ಸೂಚನೆ. ಆ ಸಂದೇಶ ಮತ್ತೆ ಬಂದರೆ ಮುಂದಕ್ಕೆ ಕಳಿಸಬೇಡಿ.