ರವೀಂದ್ರರ ಕೊರಳು

ಕಾರವಾರದ ಕಡಲತಡಿಗೆ ರವೀಂದ್ರನಾಥ ಠಾಕೂರರ ಹೆಸರಿದೆ. ಸಂಜೆ ಅಲ್ಲಿ ಅಡ್ಡಾಡುವ ಬಹುಮಂದಿಗೆ ಅವರು ಬೆಳ್ಗಡ್ಡದ ಋಷಿಯಾಗಿಯೇ ಪರಿಚಿತರು. ನನ್ನ ಕಣ್ಣಿಗೆ ಕಟ್ಟುವ ಮೂರ್ತಿಯಾದರೋ ಇಪ್ಪತ್ತೆರಡರ ತರುಣನದು. ಹಾಡಿನ ಹುಚ್ಚು ಹಿಡಿದವನದು.

1861ರ ಮೇ 7ರಂದು ಕಲ್ಕತ್ತೆಯ ಜೋಡಾಸಾಂಕೋ ಮನೆಯಲ್ಲಿ ಅವರು ಜನಿಸಿದರು. ಶಾಲೆ ಒಗ್ಗಲಿಲ್ಲ, ಮನೆಯ ಸಂಗೀತ ಒಗ್ಗಿತು. ಅಣ್ಣ ಜ್ಯೋತಿರಿಂದ್ರನಾಥರು ಪಿಯಾನೋದ ಮೇಲೆ ಹೊಸ ಹೊಸ ಧಾಟಿಗಳನ್ನು ನುಡಿಸುವರು. ತಮ್ಮನು ಅವು ಮರೆಯಾಗುವ ಮೊದಲೇ ಮಾತು ಹೊಂದಿಸುವನು. ನಾದ ಹುಟ್ಟಿದ ಕ್ಷಣದಲ್ಲೇ ಅಳಿಯುತ್ತದೆ, ಅದನ್ನು ಓಡಿಹೋಗಿ ಹಿಡಿಯಬೇಕು ಎಂಬ ಪಾಠ ಅಲ್ಲಿಯೇ ಆಗಿರಬೇಕೆಂದು ನನ್ನ ಎಣಿಕೆ.

ಇನ್ನೊಬ್ಬ ಅಣ್ಣ ಸತ್ಯೇಂದ್ರನಾಥರು ಸಿವಿಲ್ ಸರ್ವಿಸ್ ಸೇರಿದ ಮೊದಲ ಭಾರತೀಯರು. 1883ರಲ್ಲಿ ಅವರು ಕಾರವಾರದ ನ್ಯಾಯಾಧೀಶರಾಗಿದ್ದರು. ಅವರೊಡನೆ ಇರಲು ಬಂದ ರವೀಂದ್ರರು ಬೆಳುದಿಂಗಳಲ್ಲಿ ದೋಣಿಯೇರಿ ಕಾಳೀನದಿಯ ಮೇಲೆ ಹೋದರು, ಶಿವಾಜಿಯ ಕಾಲದ ಗುಡ್ಡದ ಕೋಟೆಯೊಂದನ್ನು ಕಂಡರು, ನಡುರಾತ್ರಿ ಮರಳ ಮೇಲೆ ನಡೆದು ಮನೆಗೆ ಮರಳಿದರು. ಪ್ರಕೃತಿರ್ ಪ್ರತಿಶೋಧ್ ನಾಟಕ ಬರೆದದ್ದು ಇಲ್ಲಿ. ಮಮತೆಯನ್ನೆಲ್ಲ ಕಡಿದುಕೊಂಡ ಸಂನ್ಯಾಸಿಯನ್ನು ಒಬ್ಬ ಪುಟ್ಟ ಹುಡುಗಿಯ ಪ್ರೀತಿ ಲೋಕಕ್ಕೆ ಎಳೆದು ತರುವ ಕಥೆ ಅದು. ಅದರ ಕೆಲವು ಹಾಡುಗಳು ಹುಟ್ಟಿದ್ದು ಹಿಂದಿರುಗುವ ಹಡಗಿನ ಅಟ್ಟದ ಮೇಲೆ. ಮೊದಲನೆಯದನ್ನು ಅವರು ಬಾಯಲ್ಲಿ ಹಾಡುತ್ತ ಹಾಡುತ್ತಲೇ ಬರೆದರು.

ಮಾತನ್ನು ಹಾಳೆ ಉಳಿಸಿತು. ಧಾಟಿಯನ್ನು ಉಳಿಸುವವರಾರು? ಎರಡು ಸಾವಿರಕ್ಕೂ ಮಿಕ್ಕ ಗೀತೆಗಳನ್ನು ರಚಿಸಿದ ಈ ಕವಿ ತಮ್ಮ ಧಾಟಿಗಳನ್ನು ತಾವೇ ಮರೆತುಬಿಡುತ್ತಿದ್ದರು! ಹೊಸ ಹಾಡು ಮೂಡಿದೊಡನೆ ಹಿರಿಯಣ್ಣ ದ್ವಿಜೇಂದ್ರನಾಥರ ಮೊಮ್ಮಗ ದಿನೇಂದ್ರನಾಥರಿಗೆ ಕಲಿಸಿಬಿಡುವುದು ಶಾಂತಿನಿಕೇತನದ ವಾಡಿಕೆಯಾಯಿತು. ಆತ ಅದನ್ನು ಕೊರಳಿನಲ್ಲಿಟ್ಟುಕೊಂಡು, ಇತರರಿಗೆ ಕಲಿಸಿ, ಸ್ವರಲಿಪಿಗೂ ಇಳಿಸುವರು. ತಮ್ಮ ಸಕಲ ಹಾಡುಗಳ ಭಂಡಾರಿ ಆತನೆಂದು ಕವಿ ಮುಕ್ತಮನಸ್ಸಿನಿಂದ ಒಪ್ಪಿಕೊಂಡಿದ್ದರು.

ಇದೇನೂ ಬಂಗಾಳಕ್ಕೆ ಮಾತ್ರ ಮೀಸಲಾದ ಸೋಜಿಗವಲ್ಲ. ಕಾರವಾರದಿಂದ ತೆಂಕಣಕ್ಕೆ ಮೂವತ್ತೈದು ಕಿಲೋಮೀಟರು ಹೋದರೆ ಅಂಕೋಲೆ. ಅಲ್ಲಿಯ ಬಡಿಗೇರಿಯ ಹಾಲಕ್ಕಿ ಹಾಡುಗಾರ್ತಿ ಸುಕ್ರಿ ಬೊಮ್ಮಗೌಡರು ಪುಸ್ತಕದ ಹಂಗಿಲ್ಲದೆ ಸಾವಿರಾರು ಹಾಡುಗಳನ್ನು ನೆನಪಿನಲ್ಲಿಟ್ಟುಕೊಂಡಿದ್ದರು. 2025ರ ಫೆಬ್ರವರಿಯಲ್ಲಿ ತೀರಿಕೊಂಡರು. ಅಂಥ ಕೊರಳು ಅಡಗಿದಾಗ ಒಂದು ಗ್ರಂಥಾಲಯದ ಬಾಗಿಲೇ ಮುಚ್ಚಿದಂತೆ.

ರವೀಂದ್ರರ ಕಾಲಕ್ಕೆ ಯಂತ್ರವೂ ಬಂದಿತ್ತು. 1877ರಲ್ಲಿ ಎಡಿಸನ್ ಫೋನೋಗ್ರಾಫನ್ನು ಕಂಡುಹಿಡಿದನು. ದನಿಯ ಕಂಪನ ಒಂದು ತೆಳುಪೊರೆಯನ್ನು ನಡುಗಿಸುತ್ತದೆ. ಪೊರೆಗೆ ಅಂಟಿದ ಮೊನೆ ತಿರುಗುವ ಉರುಳೆಯ ಮೇಲೆ ಗೆರೆ ಕೊರೆಯುತ್ತದೆ. ಕಾಲದಲ್ಲಿ ಹರಿದುಹೋಗುವ ನಾದ ಹೀಗೆ ಉದ್ದದ ಗೆರೆಯಾಗಿ ನಿಲ್ಲುತ್ತದೆ. ಮೊನೆಯನ್ನು ಮತ್ತೆ ಆ ಗೆರೆಯ ಮೇಲೆ ಓಡಿಸಿದರೆ ಕಳೆದ ಕಾಲವೇ ಮರಳಿ ನುಡಿಯುತ್ತದೆ. ಬಂಗಾಳದ ಸ್ವದೇಶೀ ಚಳವಳಿಯ ದಿನಗಳಲ್ಲಿ ಕಲ್ಕತ್ತೆಯ ಹೇಮೇಂದ್ರಮೋಹನ ಬಸು ಕವಿಯ ಕಂಠವನ್ನು ಮೇಣದ ಉರುಳೆಗಳಿಗೆ ಇಳಿಸಿದರು. ಒಂದೊಂದರ ಆಯುಸ್ಸು ಎರಡು ಮೂರು ನಿಮಿಷದ ಗಾಯನ. ಮೇಣ ಸವೆಯಿತು, ಒಡೆಯಿತು. ಆ ಉರುಳೆಗಳಲ್ಲಿ ಬಹುಪಾಲು ಇಂದಿಲ್ಲ. ತಟ್ಟೆಗಳಿಗೆ ದಾಟಿದ ಕೆಲವು ಮಾತ್ರ ಉಳಿದವು.

ನಾವು ಕನ್ನಡಿಗರು ಕಡಲತಡಿಗೆ ಹೆಸರಿಟ್ಟು ತೃಪ್ತರಾದೆವು. ಅದಕ್ಕಿಂತ ಆಳವಾದ ನಂಟೊಂದಿದೆ. ಅವರ ಬಡೊ ಆಶಾ ಕರೆ ಎಂಬ ಗೀತೆಯ ಧಾಟಿಗೆ, ಸಖಿಯನ್ನು ಬಾ ಎಂದು ಕರೆಯುವ ಕನ್ನಡ ಹಾಡೊಂದು ಮೂಲವೆಂದು ರವೀಂದ್ರಸಂಗೀತದ ಅಭ್ಯಾಸಿಗಳು ಗುರುತಿಸಿದ್ದಾರೆ. ಅಕ್ಕನ ಮಗಳು ಸರಳಾದೇವಿ 1890ರ ದಶಕದಲ್ಲಿ ಮೈಸೂರಿನಲ್ಲಿ ಅಧ್ಯಾಪಕಿಯಾಗಿದ್ದಾಗ ಕೇಳಿದ ಧಾಟಿಗಳನ್ನು ಸೋದರಮಾವನ ಮುಂದಿಟ್ಟರು. ಆನಂದಲೋಕೆ ಮೂಡಿದ್ದು ಹಾಗೆ. ಬಂಗಾಳದ ಮಕ್ಕಳು ಇಂದಿಗೂ ಅವನ್ನು ಹಾಡುತ್ತಾರೆ. ಸಖಿಯನ್ನು ಕರೆದ ನಮ್ಮ ಹಾಡನ್ನು ನಮ್ಮಲ್ಲಿ ಎಷ್ಟು ಮಂದಿ ಹಾಡಬಲ್ಲರು?

ಭಂಡಾರಿ ದಿನೇಂದ್ರನಾಥರು 1935ರಲ್ಲಿ ತೀರಿಕೊಂಡರು. ಕವಿ ಆಮೇಲೆ ಆರು ವರ್ಷ ಬದುಕಿದರು. ಹಾಡು ಕಟ್ಟುವುದನ್ನು ಬಿಡಲಿಲ್ಲ. 1941ರ ಆಗಸ್ಟ್ 7ರಂದು, ಹುಟ್ಟಿದ ಆ ಜೋಡಾಸಾಂಕೋ ಮನೆಯಲ್ಲಿಯೇ, ಆ ಕೊರಳು ನಿಂತಿತು.