ಬಡವರ ಬ್ಯಾಂಕಿನ ಜನಕ ಹೆನ್ರಿ ಡಂಕನ್

ರಾಜ್ಯೋತ್ಸವದ ಸಂಚಿಕೆಯೆಂದ ಮೇಲೆ ನಾಡುನುಡಿಗಳ ಹಿರಿಮೆಯನ್ನು ಸಾರುವ ಲೇಖನಗಳು ಬಲ್ಲವರ ಲೇಖನಿಯಿಂದ ಬಂದೇ ಬರುತ್ತವೆ. ನಾವಾದರೋ ಬಿ.ಕಾಂ. ಓದಿ, ಊರು ಬಿಟ್ಟು ಬಂದು, ಬ್ಯಾಂಕಿನಲ್ಲಿ ಗುಮಾಸ್ತೆಯ ಕೆಲಸ ಮಾಡಿಕೊಂಡಿರುವವರು. ಜಮಾ ಖರ್ಚು ತಾಳೆ ನೋಡುವುದು ಬಿಟ್ಟರೆ ಬೇರೆ ವಿದ್ಯೆಯನ್ನು ಅರಿಯೆವು. ಆದರೂ ಏನಾದರೂ ಬರೆಯಲೇಬೇಕೆಂದು ಸಂಘದ ಗೆಳೆಯರು ಒತ್ತಾಯ ಮಾಡಿದಾಗ, ನಮ್ಮ ಕಸುಬಿಗೆ ಗೌರವ ತಂದ ಒಬ್ಬ ಮಹನೀಯರ ಕಥೆಯನ್ನೇ ಹೇಳಿಬಿಡೋಣವೆಂದುಕೊಂಡೆವು.

ನಮ್ಮ ಕೌಂಟರಿಗೆ ತಿಂಗಳಿಗೊಮ್ಮೆ ಉತ್ತರ ಕರ್ನಾಟಕದ ಕಡೆಯ ಹೆಂಗಸೊಬ್ಬರು ಬರುತ್ತಾರೆ. ಕಟ್ಟಡದ ಕೆಲಸದ ಕೂಲಿ. ಸೆರಗಿನ ಗಂಟು ಬಿಚ್ಚಿ ನೂರು ಇನ್ನೂರು ರೂಪಾಯಿ ಎಣಿಸಿಕೊಡುವಾಗ, ಇಷ್ಟು ಕಡಿಮೆ ಹಣ ತಗೊಳ್ತೀರೇನ್ರೀ ಎಂದು ಪ್ರತಿಸಲವೂ ಸಂಕೋಚದಿಂದ ಕೇಳುತ್ತಾರೆ. ತೆಗೆದುಕೊಳ್ಳುತ್ತೇವಮ್ಮ ಎಂದು ನಾವೂ ಪ್ರತಿಸಲ ಹೇಳುತ್ತೇವೆ. ಈ ಪ್ರಶ್ನೆಗೆ ಇಲ್ಲವೆಂಬುದೇ ಉತ್ತರವಾಗಿದ್ದ ಕಾಲವೊಂದಿತ್ತು. ಆ ಉತ್ತರವನ್ನು ಬದಲಾಯಿಸಿದವರಲ್ಲಿ ಅಗ್ರಗಣ್ಯರು ಸ್ಕಾಟ್ಲೆಂಡಿನ ಒಂದು ಬಡ ಹಳ್ಳಿಯ ಪಾದ್ರಿ ಹೆನ್ರಿ ಡಂಕನ್ನರು.

ಸ್ಕಾಟ್ಲೆಂಡಿನ ನೈಋತ್ಯ ಮೂಲೆಯಲ್ಲಿ, ಇಂಗ್ಲೆಂಡಿನ ಗಡಿಗೆ ಹೊಂದಿಕೊಂಡಂತೆ, ಡಮ್‌ಫ್ರೀಸ್ ಮತ್ತು ಗ್ಯಾಲೋವೇ ಎಂಬ ಸೀಮೆಯಿದೆ. ತಗ್ಗು ಗುಡ್ಡಗಳು, ದನ ಕುರಿ ಮೇಯುವ ಹುಲ್ಲುಗಾವಲು, ಜವುಗು ನೆಲ, ದಕ್ಷಿಣಕ್ಕೆ ಸಾಲ್ವೇ ಎಂಬ ಕಡಲ ತೋಳು. ಭರತ ಇಳಿದಾಗ ಅಲ್ಲಿ ಮೈಲಿಗಟ್ಟಲೆ ಮರಳು. ಏರಿದಾಗ ಓಡಿ ದಡ ಸೇರಬೇಕಾದಷ್ಟು ವೇಗದ ನೀರು. ಆ ಉಪ್ಪು ಮರಳನ್ನು ಕೆರೆದು, ತೊಳೆದು, ಕಾಯಿಸಿ ಉಪ್ಪು ಮಾಡಿ ಬದುಕುತ್ತಿದ್ದ ಬಡಜನರೂ ಅಲ್ಲಿದ್ದರು. ಸ್ಕಾಟ್ಲೆಂಡಿನ ಜನರ ಕಣ್ಮಣಿಯಾದ ಕವಿ ರಾಬರ್ಟ್ ಬರ್ನ್ಸ್ ತನ್ನ ಕೊನೆಯ ವರ್ಷಗಳನ್ನು ಕಳೆದದ್ದು ಈ ಸೀಮೆಯ ಡಮ್‌ಫ್ರೀಸ್ ಪಟ್ಟಣದಲ್ಲಿ. ಇತಿಹಾಸಕಾರ ಥಾಮಸ್ ಕಾರ್ಲೈಲ್ ೧೭೯೫ರಲ್ಲಿ ಹುಟ್ಟಿದ ಎಕ್ಲ್‌ಫೆಕನ್ ಹಳ್ಳಿಯೂ ಇಲ್ಲಿಯದೇ.

ಈ ಸೀಮೆಯ ಲಾಕ್‌ರಟನ್ ಎಂಬ ಹಳ್ಳಿಯಲ್ಲಿ ೧೭೭೪ನೆಯ ಇಸವಿ ಅಕ್ಟೋಬರಿನಲ್ಲಿ ಹೆನ್ರಿ ಡಂಕನ್ನರು ಹುಟ್ಟಿದರು. ತಂದೆ ಜಾರ್ಜ್ ಡಂಕನ್ ಅಲ್ಲಿನ ಚರ್ಚಿನ ಪಾದ್ರಿಗಳು. ಡಮ್‌ಫ್ರೀಸಿನ ಶಾಲೆಯಲ್ಲಿಯೂ ಸೇಂಟ್ ಆಂಡ್ರೂಸ್ ವಿಶ್ವವಿದ್ಯಾಲಯದಲ್ಲಿಯೂ ಸ್ವಲ್ಪಕಾಲ ಓದಿದ ಹುಡುಗನನ್ನು, ಕೈಗೊಂದು ಉದ್ಯೋಗವಿರಲೆಂದು, ಲಿವರ್‌ಪೂಲಿನ ಹೇವುಡ್ ಬ್ಯಾಂಕಿಗೆ ಕಳುಹಿಸಿದರು. ಅಣ್ಣತಮ್ಮಂದಿರೂ ಆ ಊರಿನಲ್ಲಿ ವ್ಯಾಪಾರದಲ್ಲಿದ್ದರು. ಮೂರು ವರ್ಷ ಆತ ಅಲ್ಲಿ ಲೆಕ್ಕ ಬರೆದರು. ವಾಚಕರು ಕ್ಷಮಿಸಬೇಕು, ಈ ಮೂರು ವರ್ಷಗಳ ಮೇಲೆ ನಮಗೆ ವಿಶೇಷ ಮಮತೆ. ಆ ಬೇಸರದ ಲೆಕ್ಕದ ಪುಸ್ತಕಗಳೇ ಮುಂದೆ ಲಕ್ಷಾಂತರ ಬಡವರಿಗೆ ಉಪಕಾರವಾದವು. ಆದರೆ ಡಂಕನ್ನರ ಮನಸ್ಸು ಅಲ್ಲಿ ನಿಲ್ಲಲಿಲ್ಲ. ಬ್ಯಾಂಕು ಬಿಟ್ಟು, ಎಡಿನ್‌ಬರೋ ಮತ್ತು ಗ್ಲಾಸ್ಗೋಗಳಲ್ಲಿ ಧರ್ಮಶಾಸ್ತ್ರವನ್ನು ಓದಿ, ೧೭೯೯ರಲ್ಲಿ ರುತ್‌ವೆಲ್ ಎಂಬ ಹಳ್ಳಿಯ ಪಾದ್ರಿಗಳಾದರು.

ರುತ್‌ವೆಲ್ ಸಾಲ್ವೇ ದಡದ ಊರು. ಮೂರು ವರ್ಷ ಹಿಂದೆ, ೧೭೯೬ರ ಬೇಸಗೆಯಲ್ಲಿ, ರೋಗದಿಂದ ಬಳಲುತ್ತಿದ್ದ ಬರ್ನ್ಸ್ ಕವಿ ವೈದ್ಯರ ಮಾತಿನಂತೆ ಇಲ್ಲಿನ ಕಡಲ ನೀರಿನಲ್ಲಿ ನಿಲ್ಲುವುದಕ್ಕೂ, ಬ್ರೌ ಎಂಬಲ್ಲಿಯ ಖನಿಜದ ಬಾವಿಯ ನೀರು ಕುಡಿಯುವುದಕ್ಕೂ ಬಂದಿದ್ದರು. ಆಗ ಪಾದ್ರಿಗಳಾಗಿದ್ದ ಕ್ರೇಗ್ ಎಂಬುವರ ಮನೆಗೆ ಒಂದು ಸಂಜೆ ಚಹಕ್ಕೆ ಹೋಗಿದ್ದರಂತೆ. ಕವಿಯ ಕಣ್ಣಿಗೆ ಬಿಸಿಲು ಬೀಳುತ್ತಿದೆಯೆಂದು ಮನೆಯ ಮಗಳು ಆಗ್ನೆಸ್ ಕಿಟಕಿಯ ಪರದೆ ಎಳೆಯಲು ಎದ್ದಳು. ತನಗೆ ಸೂರ್ಯ ಕಾಣುವ ದಿನಗಳು ಇನ್ನು ಹೆಚ್ಚಿಲ್ಲ, ಹಾಗೇ ಬಿಡು ತಾಯಿ ಎಂದು ಕವಿ ತಡೆದರೆಂದು ಆ ನಾಡಿನಲ್ಲಿ ಇಂದಿಗೂ ಹೇಳುತ್ತಾರೆ. ಕೆಲವೇ ದಿನಗಳಲ್ಲಿ, ಜುಲೈ ೨೧ರಂದು, ಬರ್ನ್ಸ್ ಡಮ್‌ಫ್ರೀಸಿನಲ್ಲಿ ತೀರಿಕೊಂಡರು. ಆ ಆಗ್ನೆಸ್ ಕ್ರೇಗಳೇ ೧೮೦೪ರಲ್ಲಿ ಡಂಕನ್ನರ ಕೈಹಿಡಿದ ಸಾಧ್ವಿ.

ಊರಿಗೆ ಬಂದ ಹೊಸ ಪಾದ್ರಿಗಳಿಗೆ ಕಂಡದ್ದು ಬಡತನ. ಬೆಳೆ ಕೆಟ್ಟ ವರ್ಷ ಲಿವರ್‌ಪೂಲಿನ ಸೋದರರ ಮೂಲಕ ಧಾನ್ಯ ತರಿಸಿ ಅಸಲು ಬೆಲೆಗೆ ಹಂಚಿದರು. ಮನೆಯ ಹೆಂಗಸರು ನಾಲ್ಕು ಕಾಸು ಕಾಣಲೆಂದು ನೂಲುವುದಕ್ಕೆ ನಾರು ಒದಗಿಸಿದರು. ಸದಸ್ಯರು ಚಂದಾ ಕೂಡಿಸಿ ರೋಗರುಜಿನಕ್ಕೆ ಒಬ್ಬರಿಗೊಬ್ಬರು ಆಗುವ ಸಹಾಯ ಸಂಘವೊಂದು ಊರಿನಲ್ಲಿ ಸೊರಗಿ ಬಿದ್ದಿತ್ತು. ಅದನ್ನು ಎತ್ತಿ ನಿಲ್ಲಿಸಿದರು. ಜನರ ತಿಳಿವಳಿಕೆಗೆ ಅಗ್ಗದ ಕಿರುಹೊತ್ತಗೆಗಳನ್ನು ಬರೆದರು. ೧೮೦೯ರಲ್ಲಿ ಡಮ್‌ಫ್ರೀಸಿನಿಂದ ಹೊರಡುವ ವಾರಪತ್ರಿಕೆಯೊಂದನ್ನು ಹುಟ್ಟುಹಾಕಿ ಕೆಲವು ವರ್ಷ ತಾವೇ ಸಂಪಾದಕರಾದರು.

ಆದರೆ ದಾನದಿಂದ ಹಸಿವು ಹಿಂಗಬಹುದು, ಮಾನ ಉಳಿಯುವುದು ಕಷ್ಟ ಎಂಬುದು ಡಂಕನ್ನರ ನಂಬಿಕೆಯಾಗಿತ್ತು. ಇಂಗ್ಲೆಂಡಿನಲ್ಲಿ ಬಡವರ ಸಲುವಾಗಿ ಕಂದಾಯ ಎತ್ತುವ ಪದ್ಧತಿಯಿತ್ತು. ಅದು ಸ್ಕಾಟ್ಲೆಂಡಿಗೂ ಬಂದರೆ ದುಡಿಯುವ ಜನ ಕೈಯೊಡ್ಡುವವರಾಗುತ್ತಾರೆಂದು ಅವರು ಅಂಜಿದರು. ದುಡಿಮೆಯ ಕಾಲದಲ್ಲಿ ಉಳಿಸಿದ್ದು ದುಡಿಯಲಾರದ ಕಾಲಕ್ಕೆ ಒದಗಬೇಕು. ಇದು ಅವರ ವಿಚಾರ. ಆದರೆ ಉಳಿಸಿ ಇಡುವುದೆಲ್ಲಿ? ಹತ್ತು ಪೌಂಡಿಗೆ ಕಡಿಮೆಯಾದ ಠೇವಣಿಯನ್ನು ಸ್ಕಾಟ್ಲೆಂಡಿನ ಬ್ಯಾಂಕುಗಳು ತೆಗೆದುಕೊಳ್ಳುತ್ತಿರಲಿಲ್ಲ. ಹತ್ತು ಪೌಂಡೆಂದರೆ ಇನ್ನೂರು ಷಿಲಿಂಗು. ಕೂಲಿಯವನು ಹೊಟ್ಟೆಬಟ್ಟೆ ಕಟ್ಟಿ ವರ್ಷಗಟ್ಟಲೆ ಕೂಡಿಟ್ಟರೂ ಕಾಣದ ಮೊತ್ತ. ಅಲ್ಲಿಯವರೆಗೆ ಹಣ ಹಾಸಿಗೆಯಡಿಯಲ್ಲೋ ಗೋಡೆಯ ಸಂದಿನಲ್ಲೋ ಇರಬೇಕು. ಕಳ್ಳನ ಪಾಲಾಗದಿದ್ದರೆ ಹೆಂಡದಂಗಡಿಯ ಪಾಲು.

೧೮೧೦ರ ಮೇ ತಿಂಗಳಲ್ಲಿ ರುತ್‌ವೆಲ್ಲಿನ ಒಂದು ಸಣ್ಣ ಮನೆಯಲ್ಲಿ ಡಂಕನ್ನರು ಉಳಿತಾಯದ ಬ್ಯಾಂಕನ್ನು ತೆರೆದರು. ಆರು ಪೆನ್ನಿ, ಎಂದರೆ ಅರ್ಧ ಷಿಲಿಂಗು ಕೊಟ್ಟರೆ ಖಾತೆ. ಅದರ ವ್ಯವಸ್ಥೆ ಬಹಳ ಸರಳ. ಆ ಸರಳತೆಯಲ್ಲಿಯೇ ಅದರ ಜಾಣ್ಮೆ. ಊರ ಜನರ ಚಿಲ್ಲರೆಯೆಲ್ಲ ಒಟ್ಟಾದಾಗ ದೊಡ್ಡ ಮೊತ್ತವಾಗುತ್ತದೆ. ಆ ಮೊತ್ತವನ್ನು ಡಮ್‌ಫ್ರೀಸಿನಲ್ಲಿದ್ದ ಬ್ರಿಟಿಷ್ ಲಿನನ್ ಕಂಪನಿಯ ಬ್ಯಾಂಕಿನಲ್ಲಿ ಇಟ್ಟರೆ ನೂರಕ್ಕೆ ಐದರ ಬಡ್ಡಿ. ಠೇವಣಿದಾರರಿಗೆ ಸಾಮಾನ್ಯವಾಗಿ ನೂರಕ್ಕೆ ನಾಲ್ಕು. ಉಳಿದ ಒಂದರಲ್ಲಿ ಬ್ಯಾಂಕಿನ ಖರ್ಚು ಸಾಗಬೇಕು. ಹಣದ ಪೆಟ್ಟಿಗೆಗೆ ಮೂರು ಬೀಗ. ಮೂರು ಬೀಗದ ಕೈ ಮೂವರ ಬಳಿ. ಮೂವರೂ ಕೂಡಿದ ಹೊರತು ಪೆಟ್ಟಿಗೆ ತೆರೆಯುವಂತಿಲ್ಲ. ಇಂದಿಗೂ ಬ್ಯಾಂಕಿನ ಖಜಾನೆಯನ್ನು ಒಬ್ಬನೇ ತೆರೆಯಲಾರದಂತೆ ಎರಡು ಕೀಲಿ ಇಬ್ಬರ ಬಳಿ ಇರುವುದನ್ನು ಕಂಡಾಗ ನಮಗೆ ಆ ಪೆಟ್ಟಿಗೆಯ ನೆನಪಾಗುತ್ತದೆ.

ನ್ಯಾಯವಾಗಿ ಹೇಳಬೇಕೆಂದರೆ, ಬಡವರ ಉಳಿತಾಯದ ಯೋಚನೆ ಡಂಕನ್ನರೊಬ್ಬರದೇ ಅಲ್ಲ. ಲಂಡನ್ನಿನ ಬಳಿ ಟಾಟನ್‌ಹ್ಯಾಮಿನಲ್ಲಿ ಪ್ರಿಸಿಲ್ಲಾ ವೇಕ್‌ಫೀಲ್ಡ್ ಎಂಬ ಮಹಿಳೆ ಮೊದಲೇ ಇಂಥ ಪ್ರಯತ್ನ ನಡೆಸಿದ್ದರು. ಆದರೆ ಅಂಥವು ಬಹುಮಟ್ಟಿಗೆ ಸಿರಿವಂತರ ನೆರವನ್ನು ಆತುಕೊಂಡಿದ್ದವು. ಯಾರ ಹಂಗಿಲ್ಲದೆ ತನ್ನ ಕಾಲ ಮೇಲೆ ತಾನೇ ನಿಲ್ಲುವ ವ್ಯವಹಾರವಾಗಿ, ಬೇರೆ ಊರಿನವರೂ ಅನುಕರಿಸಬಹುದಾದ ನಿಯಮಾವಳಿಯೊಡನೆ ಬ್ಯಾಂಕನ್ನು ಕಟ್ಟಿದ ಕೀರ್ತಿ ರುತ್‌ವೆಲ್ಲಿಗೆ ಸಲ್ಲುತ್ತದೆ. ಮೊದಲ ವರ್ಷ ಕೂಡಿದ ಠೇವಣಿ ೧೫೧ ಪೌಂಡು. ನಾಲ್ಕನೆಯ ವರ್ಷಕ್ಕೆ ಅದು ೯೨೨ ಪೌಂಡಾಯಿತು. ಆ ಊರಿನ ಜನಸಂಖ್ಯೆ ಸಾವಿರದ ಚಿಲ್ಲರೆಯೆಂಬುದನ್ನು ವಾಚಕರು ನೆನಪಿಡಬೇಕು.

೧೮೧೫ರಲ್ಲಿ ಡಂಕನ್ನರು ತಮ್ಮ ಅನುಭವವನ್ನೆಲ್ಲ ಒಂದು ಪುಸ್ತಕವಾಗಿ ಪ್ರಕಟಿಸಿದರು. ಊರೂರುಗಳಿಂದ ಪತ್ರಗಳ ಮಳೆ ಸುರಿಯಿತು. ಆಗಿನ ಕಾಲದಲ್ಲಿ ಅಂಚೆಯ ಹಣವನ್ನು ಪತ್ರ ಬರೆದವರಲ್ಲ, ಪಡೆದವರು ತೆರುವುದು ವಾಡಿಕೆ. ನಿಯಮ ಕೇಳಿ ಯಾರೋ ಬರೆದ ಪತ್ರಕ್ಕೆ ಬಡ ಪಾದ್ರಿಗಳು ತಮ್ಮ ಸಂಬಳದಿಂದ ಹಣ ತೆತ್ತು, ರಾತ್ರಿ ಕುಳಿತು ಉತ್ತರವನ್ನೂ ಬರೆದರು. ಈ ಬ್ಯಾಂಕಿನಿಂದ ಸ್ವಂತಕ್ಕೆ ಅವರು ಕಂಡದ್ದು ಖರ್ಚೊಂದೇ. ೧೮೧೭ರಲ್ಲಿ ಇಂಗ್ಲೆಂಡಿಗೆ ಉಳಿತಾಯ ಬ್ಯಾಂಕುಗಳ ಕಾನೂನಾಯಿತು. ಸ್ಕಾಟ್ಲೆಂಡಿಗೂ ಅಂಥ ರಕ್ಷಣೆ ಬೇಕೆಂದು ಡಂಕನ್ನರು ಲಂಡನ್ನಿನವರೆಗೂ ಹೋಗಿ ಪಾರ್ಲಿಮೆಂಟಿನ ಸದಸ್ಯರನ್ನು ಕಂಡು ಒಪ್ಪಿಸಿದರು. ೧೮೧೯ರಲ್ಲಿ ಕಾಯಿದೆ ಬಂತು.

ಇಷ್ಟರಿಂದಲೇ ಒಬ್ಬ ಮನುಷ್ಯನ ಬಾಳು ತುಂಬಿತೆನ್ನಬಹುದು. ಆದರೆ ತಮ್ಮ ಊರಿನ ಮಣ್ಣು ಕಲ್ಲುಗಳನ್ನೂ ಅವರು ಅಷ್ಟೇ ಪ್ರೀತಿಯಿಂದ ಕಂಡರು. ರುತ್‌ವೆಲ್ಲಿನ ಚರ್ಚಿನಲ್ಲಿ ಎಂಟನೆಯ ಶತಮಾನದ ಎತ್ತರವಾದ ಒಂದು ಕಲ್ಲಿನ ಶಿಲುಬೆಯಿತ್ತು. ವಿಗ್ರಹಗಳನ್ನು ಸಹಿಸದ ಕಾಲದಲ್ಲಿ, ೧೬೪೨ರಲ್ಲಿ, ಚರ್ಚಿನ ಮಹಾಸಭೆಯ ಆಜ್ಞೆಯಂತೆ ಅದನ್ನು ಕೆಡವಿದರು. ಬಿದ್ದ ತುಂಡುಗಳು ಗಾಳಿ ಮಳೆಗೆ ಸವೆಯುತ್ತಿದ್ದಾಗ ಡಂಕನ್ನರು ಅವನ್ನು ತಮ್ಮ ಮನೆಯ ತೋಟಕ್ಕೆ ಸಾಗಿಸಿ, ೧೮೨೩ರಲ್ಲಿ ಮತ್ತೆ ನಿಲ್ಲಿಸಿದರು. ಕಳೆದುಹೋದ ಅಡ್ಡತೋಳನ್ನು ಊರ ಕಲ್ಲುಕುಟಿಗನಿಂದ ಹೊಸದಾಗಿ ಕೆತ್ತಿಸಿದರು. ತುದಿಯ ಕಲ್ಲು ಹಿಂದುಮುಂದಾಗಿ ಕೂತಿದೆಯೆಂದು ಮುಂದೆ ವಿದ್ವಾಂಸರು ಕಂಡುಕೊಂಡದ್ದೂ ಉಂಟು. ಆದರೆ ಅವರು ಜೋಡಿಸದೆ ಇದ್ದಿದ್ದರೆ ತಪ್ಪು ಹುಡುಕುವುದಕ್ಕೂ ಕಲ್ಲು ಉಳಿಯುತ್ತಿತ್ತೇ? ಅದರ ಅಂಚಿನ ರೂನ್ ಲಿಪಿಯ ಬರಹ ಇಂಗ್ಲಿಷಿನ ಅತಿ ಪ್ರಾಚೀನ ಕಾವ್ಯದ ಸಾಲುಗಳೆಂದು ೧೮೪೦ರಲ್ಲಿ ಕೆಂಬಲ್ ಎಂಬ ಪಂಡಿತರು ತೋರಿಸಿಕೊಟ್ಟರು. ಇಂದು ಹಳೆಯ ಇಂಗ್ಲಿಷನ್ನು ಓದುವವರಿಗೆ ಅದು ನಮ್ಮ ಹಲ್ಮಿಡಿಯ ಶಾಸನದಷ್ಟೇ ಪೂಜ್ಯ. ೧೮೮೭ರಲ್ಲಿ ಅದನ್ನು ಚರ್ಚಿನೊಳಗೆ ಸೇರಿಸಿದರು.

ಅದೇ ಸೀಮೆಯ ಕಾರ್ನ್‌ಕಾಕಲ್ ಎಂಬಲ್ಲಿಯ ಕಲ್ಲುಗಣಿಯ ಕೆಂಪು ಬಂಡೆಯಲ್ಲಿ ವಿಚಿತ್ರವಾದ ಹೆಜ್ಜೆ ಗುರುತುಗಳು ಕಂಡವು. ಡಂಕನ್ನರು ಅವನ್ನು ಪರೀಕ್ಷಿಸಿ, ಆಕ್ಸ್‌ಫರ್ಡಿನ ಭೂವಿಜ್ಞಾನಿ ಬಕ್‌ಲ್ಯಾಂಡ್ ಅವರಿಗೆ ಬರೆದರು. ಬಕ್‌ಲ್ಯಾಂಡರು ಕಲಸಿದ ಹಿಟ್ಟಿನ ಮೇಲೆ ಆಮೆಗಳನ್ನು ನಡೆಸಿ ಗುರುತು ಹೋಲಿಸಿ ನೋಡಿದರೆಂಬುದು ಮಕ್ಕಳಿಗೂ ಹೇಳಬಹುದಾದ ವಿನೋದದ ಕಥೆ. ೧೮೨೮ರಲ್ಲಿ ಎಡಿನ್‌ಬರೋದ ರಾಯಲ್ ಸೊಸೈಟಿಯಲ್ಲಿ ಡಂಕನ್ನರ ಲೇಖನ ಓದಲಾಯಿತು. ಕಲ್ಲಾಗಿ ಉಳಿದ ಹೆಜ್ಜೆಗಳನ್ನು ಕುರಿತ ಮೊಟ್ಟಮೊದಲ ವೈಜ್ಞಾನಿಕ ಲೇಖನಗಳಲ್ಲಿ ಅದು ಒಂದು.

ಗುಲಾಮಗಿರಿ ತೊಲಗಬೇಕೆಂದು ಬರೆದ, ಕೆಥೋಲಿಕರಿಗೂ ಸಮಾನ ಹಕ್ಕು ಬೇಕೆಂದು ನಿಂತ ಈ ಪಾದ್ರಿಗಳನ್ನು ೧೮೩೯ರಲ್ಲಿ ಸ್ಕಾಟ್ಲೆಂಡಿನ ಚರ್ಚು ತನ್ನ ಮಹಾಸಭೆಯ ಅಧ್ಯಕ್ಷರನ್ನಾಗಿ ಆರಿಸಿತು. ನಾಲ್ಕೇ ವರ್ಷದಲ್ಲಿ ಅವರ ಪಾಲಿಗೆ ಅಗ್ನಿಪರೀಕ್ಷೆ ಬಂತು. ಊರಿನ ಪಾದ್ರಿಯನ್ನು ನೇಮಿಸುವ ಹಕ್ಕು ಜಮೀನುದಾರನದೋ, ಚರ್ಚಿನ ಭಕ್ತರದೋ ಎಂಬ ವಿವಾದದಲ್ಲಿ ೧೮೪೩ರ ಮೇ ತಿಂಗಳಲ್ಲಿ ಚರ್ಚು ಒಡೆಯಿತು. ನಾನೂರ ಐವತ್ತಕ್ಕೂ ಹೆಚ್ಚು ಪಾದ್ರಿಗಳು ಸಂಬಳ, ಮನೆ ಎಲ್ಲವನ್ನೂ ತೊರೆದು ಹೊರಬಂದರು. ಡಂಕನ್ನರಿಗೆ ಆಗ ಅರುವತ್ತೆಂಟು ವಯಸ್ಸು. ನಲವತ್ತನಾಲ್ಕು ವರ್ಷ ಬಾಳಿದ ಮನೆ, ಕೈಯಾರೆ ನೆಟ್ಟ ಮರಗಳು, ತಾವೇ ನಿಲ್ಲಿಸಿದ ಶಿಲುಬೆ ಎಲ್ಲವೂ ಹಿಂದುಳಿದವು. ಸುಮ್ಮನೆ ಇದ್ದಿದ್ದರೆ ಯಾರೂ ಕೇಳುತ್ತಿರಲಿಲ್ಲ. ಆದರೆ ಆತ್ಮಸಾಕ್ಷಿಯ ಲೆಕ್ಕ ತಾಳೆಯಾಗದೆ ಅವರು ಇರಲಾರದೆ ಹೋದರು. ಮುದಿವಯಸ್ಸಿನಲ್ಲಿ ಕೂಲಿಕಾರರು ಇರುವಂಥ ಒಂದು ಪುಟ್ಟ ಮನೆಗೆ ಹೋಗಿ, ಮೌಂಟ್ ಕೀಡರ್ ಎಂಬಲ್ಲಿ ಹೊಸ ಚರ್ಚು ಕಟ್ಟಿಸುವ ಕೆಲಸಕ್ಕೆ ತೊಡಗಿದರು. ೧೮೪೬ರ ಫೆಬ್ರವರಿಯಲ್ಲಿ, ಒಂದು ಮನೆಯಲ್ಲಿ ಪ್ರಾರ್ಥನೆಯ ಸಭೆ ನಡೆಸುತ್ತಿರುವಾಗಲೇ ಪಾರ್ಶ್ವವಾಯು ಬಡಿದು, ಕೆಲವು ದಿನಗಳಲ್ಲಿ ಕಾಲವಾದರು.

ಅವರು ಬಿತ್ತಿದ ಬೀಜ ಮಾತ್ರ ಮರವಾಯಿತು. ಬ್ರಿಟನ್ನಿನಲ್ಲಿ ೧೮೬೧ರಲ್ಲಿಯೂ, ಭಾರತದಲ್ಲಿ ೧೮೮೨ರಲ್ಲಿಯೂ ಅಂಚೆ ಕಚೇರಿಗಳೇ ಬಡವರ ಉಳಿತಾಯದ ಬ್ಯಾಂಕುಗಳಾದವು. ನಮ್ಮ ಅಜ್ಜಂದಿರ ಪೆಟ್ಟಿಗೆಯಲ್ಲಿದ್ದ ಅಂಚೆಯ ಪಾಸ್‌ಬುಕ್ಕಿಗೂ ರುತ್‌ವೆಲ್ಲಿನ ಪೆಟ್ಟಿಗೆಗೂ ಈ ರೀತಿಯಲ್ಲಿ ನೆಂಟಸ್ತಿಕೆಯುಂಟು. ೧೯೨೫ರಲ್ಲಿ ಉಡುಪಿಯಲ್ಲಿ ಉಪೇಂದ್ರ ಪೈ, ವಾಮನ ಕುಡ್ವ, ಡಾ. ಟಿ.ಎಂ.ಎ. ಪೈ ಇವರು ಕಟ್ಟಿದ ಸಿಂಡಿಕೇಟು ೧೯೨೮ರಲ್ಲಿ ಪಿಗ್ಮಿ ಠೇವಣಿಯನ್ನು ಆರಂಭಿಸಿ, ದಿನಕ್ಕೆ ಎರಡಾಣೆಯಂತೆ ಮನೆಬಾಗಿಲಿಗೇ ಹೋಗಿ ಹಣ ಕೂಡಿಸಿತು. ಉಡುಪಿಯವರು ರುತ್‌ವೆಲ್ಲನ್ನು ನೋಡಿ ಕಲಿತರೆಂದು ನಾವು ಹೇಳುವುದಿಲ್ಲ. ಬಡವನ ಬವಣೆಯನ್ನು ಹತ್ತಿರದಿಂದ ಕಂಡವರಿಗೆ ಎಲ್ಲಿದ್ದರೂ ಒಂದೇ ಬುದ್ಧಿ ಹೊಳೆಯುತ್ತದೆ ಎಂದಷ್ಟೇ ನಮ್ಮ ಮಾತು. ಆ ಬ್ಯಾಂಕೂ ೨೦೨೦ರಲ್ಲಿ ಕೆನರಾ ಬ್ಯಾಂಕಿನಲ್ಲಿ ಲೀನವಾಯಿತು. ಹೆಸರುಗಳು ಹೋದರೂ ಹಾಕಿಕೊಟ್ಟ ಪದ್ಧತಿ ಉಳಿಯುತ್ತದೆ.

ಪರಊರಿಗೆ ಬಂದ ನಮ್ಮಂಥವರಿಗೆ ಉಳಿತಾಯದ ಪುಸ್ತಕವೆಂದರೆ ಬರಿಯ ಅಂಕಿಯಲ್ಲ. ತಂಗಿಯ ಮದುವೆ, ತಂದೆಯ ಔಷಧ, ಊರಿನ ಮನೆಯ ಹಂಚು, ಮಗನ ಕಾಲೇಜು ಇವೆಲ್ಲ ಅದರಲ್ಲಿ ಅಡಗಿವೆ. ಯಾರ ಮುಂದೆಯೂ ಕೈಯೊಡ್ಡದೆ ಇವನ್ನು ನಡೆಸಬಹುದೆಂಬ ಧೈರ್ಯವೂ ಅದರಲ್ಲಿದೆ. ಆ ಧೈರ್ಯ ಆರು ಪೆನ್ನಿ ಇದ್ದವನಿಗೂ ಸಲ್ಲಬೇಕೆಂದು ಹೆನ್ರಿ ಡಂಕನ್ನರು ಬಯಸಿದರು. ಮುಂದಿನ ತಿಂಗಳು ಆ ತಾಯಿ ಕೌಂಟರಿಗೆ ಬಂದು ಎಂದಿನ ಪ್ರಶ್ನೆಯನ್ನು ಕೇಳಿದಾಗ, ನಾವು ಇನ್ನೂ ಸ್ವಲ್ಪ ಹೆಚ್ಚಿನ ಆದರದಿಂದ ಉತ್ತರ ಕೊಡುತ್ತೇವೆ. ಕನ್ನಡ ಬಾಂಧವರೆಲ್ಲರ ಮನೆಯಲ್ಲಿಯೂ ಮಕ್ಕಳ ಹುಂಡಿಗಳು ತುಂಬಿರಲಿ, ಯಾರ ಮನೆಗೂ ಹಂಗಿನ ಅನ್ನ ಬಾರದಿರಲಿ ಎಂದು ಹಾರೈಸಿ ಲೇಖನವನ್ನು ಮುಗಿಸುತ್ತೇವೆ.